ತುಳುನಾಡಿನ ಸ್ವತಂತ್ರ ನಿರ್ಮಾಪಕ: ಎರಡನೇ ಸಿನಿಮಾ ಯಾಕೆ ಬರುವುದಿಲ್ಲ?

ಬಂಟ್ವಾಳ, ಬೆಳ್ತಂಗಡಿ, ಮೂಡಬಿದಿರೆ ಕಡೆ ‘ಸಿನಿಮಾ ಪ್ರೊಡ್ಯೂಸರ್’ ಅಂದರೆ ಸ್ಟುಡಿಯೊ ಇಟ್ಟುಕೊಂಡವರಲ್ಲ. ಬೇರೆ ಕಸುಬಿನಲ್ಲಿ ದುಡಿದ ಹಣವನ್ನು ತಂದು ತುಳು ಸಿನಿಮಾಕ್ಕೆ ಹಾಕಿದವರೇ ಹೆಚ್ಚು. ಹಲವರಿಗೆ ಮೊದಲ ಸಿನಿಮಾವೇ ಕೊನೆಯದು. ಪ್ರತಿಭೆ ಸಾಲದು ಅಂತ ಹೇಳಿಬಿಡುವುದು ಸುಲಭ. ಆದರೆ ನಾನು ಎಂಜಿನಿಯರಿಂಗ್ ಓದಿದವನು; ಮೊದಲು ಲೆಕ್ಕ ನೋಡೋಣ.

ಟಿಕೆಟ್ 200 ರೂಪಾಯಿ ಎಂದಿಟ್ಟುಕೊಳ್ಳಿ. ಶೇ 18 ಜಿಎಸ್‌ಟಿ ಹೋದರೆ ಸುಮಾರು 170 ಉಳಿಯುತ್ತದೆ. ಅದರಲ್ಲಿ ಅರ್ಧ ಥಿಯೇಟರಿಗೆ ಅಂದುಕೊಂಡರೂ ನಿರ್ಮಾಪಕನಿಗೆ 85 ರೂಪಾಯಿ. ಸಿನಿಮಾಕ್ಕೆ 50 ಲಕ್ಷ ಖರ್ಚಾಗಿದ್ದರೆ, ಹಾಕಿದ ಹಣ ವಾಪಸ್ ಬರಲಿಕ್ಕೇ ಸುಮಾರು 59 ಸಾವಿರ ಟಿಕೆಟ್ ಮಾರಬೇಕು. 2011ರ ಜನಗಣತಿ ಪ್ರಕಾರ ತುಳು ಮಾತೃಭಾಷಿಕರು 18.46 ಲಕ್ಷ. ಅಂದರೆ ಮುಂಬೈಯಲ್ಲಿ ನೆಲೆಸಿದವರು, ತೊಟ್ಟಿಲ ಮಕ್ಕಳು ಎಲ್ಲರನ್ನೂ ಸೇರಿಸಿ ಪ್ರತಿ 31 ಜನರಲ್ಲಿ ಒಬ್ಬರು ದುಡ್ಡು ಕೊಟ್ಟು ನೋಡಬೇಕು! ವಿತರಕರ ಕಮಿಷನ್, ಪ್ರಚಾರದ ಖರ್ಚು ಇನ್ನೂ ಬೇರೆ.

ಈ ಲೆಕ್ಕದ ಜೊತೆ ಗುದ್ದಾಡಿದವರಲ್ಲಿ ರಿಚರ್ಡ್ ಕ್ಯಾಸ್ಟಲಿನೊ ಮುಖ್ಯ ಹೆಸರು. ಅವರ ‘ಬಂಗಾರ್ ಪಟ್ಲೇರ್’ಗೆ 1993ರ ಸಾಲಿನ ಅತ್ಯುತ್ತಮ ತುಳು ಚಿತ್ರ ರಾಷ್ಟ್ರಪ್ರಶಸ್ತಿ ಬಂತು. ಮರುವರ್ಷವೇ ‘ಸೆಪ್ಟೆಂಬರ್ 8’ ಸಿನಿಮಾವನ್ನು ಮಂಗಳೂರಿನಲ್ಲಿ 24 ಗಂಟೆಯೊಳಗೆ ಚಿತ್ರೀಕರಿಸಿದರು. ಇದನ್ನು ದಾಖಲೆಯೆಂದು ನೆನೆಯುತ್ತೇವೆ. ಆದರೆ ಶೂಟಿಂಗ್ ದಿನ ಕಡಿಮೆಯಾದಷ್ಟೂ ಖರ್ಚು ಕಡಿಮೆ ಅನ್ನುವುದೂ ಅಷ್ಟೇ ನಿಜ.

2011ರ ‘ಒರಿಯರ್ದೊರಿ ಅಸಲ್’ ಇನ್ನೊಂದು ದಾರಿ ತೋರಿಸಿತು. ತುಳು ರಂಗಭೂಮಿ ಆಗಲೇ ಬೆಳೆಸಿದ್ದ ಪ್ರೇಕ್ಷಕರು ಥಿಯೇಟರಿಗೂ ಬಂದರು. 2014ರ ‘ಚಾಲಿಪೋಲಿಲು’ ಮಂಗಳೂರಿನಲ್ಲಿ ವರ್ಷಕ್ಕೂ ಹೆಚ್ಚು ಕಾಲ ಓಡಿತು. ಆಮೇಲೆ ಹಣ ಹಾಕುವವರ ಸಾಲೇ ನಿಂತಿತು. ಆದರೆ ಜಾಹೀರಾತಿನ ಕೆಳಗೆ ನಾವು ಓದುತ್ತಿದ್ದ ಮೂಡಬಿದಿರೆಯ ಅಮರಶ್ರೀ, ಬೆಳ್ತಂಗಡಿಯ ಭಾರತ್‌ನಂಥ ಪರದೆಗಳು ಬೆರಳೆಣಿಕೆಯವು. ವಾರಕ್ಕೊಂದು ಸಿನಿಮಾ ಬಂದರೆ ಒಂದನ್ನೊಂದು ನುಂಗದೆ ಇನ್ನೇನು?

ಈಗ ಮೂರನೇ ದಾರಿ ತೆರೆದಿದೆ: ಮಣ್ಣು ತುಳುನಾಡಿನದು, ಭಾಷೆ ಕನ್ನಡ. 2025ರ ಜುಲೈಯಲ್ಲಿ ಬಂದ ಜೆ.ಪಿ. ತುಮಿನಾಡು ನಿರ್ದೇಶನದ ‘ಸು ಫ್ರಮ್ ಸೋ’ ಇದಕ್ಕೆ ಒಳ್ಳೆಯ ಉದಾಹರಣೆ. ರಾಜ್ ಬಿ. ಶೆಟ್ಟಿ, ರವಿ ರೈ ಕಳಸ ಅವರ ಜೊತೆ ಹಣ ಹಾಕಿದವರು ಶಶಿಧರ ಶೆಟ್ಟಿ ಬರೋಡ. ಊರು ಬೆಳ್ತಂಗಡಿ ತಾಲೂಕಿನ ಗುರುವಾಯನಕೆರೆ, ಉದ್ಯಮ ಗುಜರಾತಿನಲ್ಲಿ. ಬಿಡುಗಡೆಗೆ ಮೊದಲೇ ಪೇಯ್ಡ್ ಪ್ರೀಮಿಯರ್ ಇಟ್ಟು, ನೋಡಿದವರ ಬಾಯಿಮಾತನ್ನೇ ಪ್ರಚಾರ ಮಾಡಿಕೊಂಡರು. ಗಳಿಕೆ 100 ಕೋಟಿ ದಾಟಿದ ವರದಿಗಳು ಬಂದವು.

ಖುಷಿಯ ವಿಷಯವೇ. ಆದರೆ ಮುಂದಿನ ನಿರ್ಮಾಪಕ ಇದರಿಂದ ಕಲಿಯುವ ಪಾಠ ಏನು? ಕತೆ ಊರಿನದ್ದಿರಲಿ, ಮಾತು ಮಾತ್ರ ತುಳು ಬೇಡ ಅಂತ. ‘ಕಾಂತಾರ’ ಕೂಡ ಮೊದಲು ಕನ್ನಡದಲ್ಲಿ ಬಂದು, 2022ರ ಡಿಸೆಂಬರಿನಲ್ಲಿ ಡಬ್ ಆಗಿ ತುಳುವಿಗೆ ಬಂತು. ತನ್ನದೇ ದೈವದ ಕತೆಯನ್ನು ತುಳುವರು ತುಳುವಿನಲ್ಲಿ ಎರಡನೇ ಸುತ್ತಿಗೆ ಕೇಳಿದರು.

ನಿರ್ಮಾಪಕರನ್ನು ದೂರಿ ಪ್ರಯೋಜನವಿಲ್ಲ. ಅವರು ಲೆಕ್ಕ ಹಾಕುತ್ತಿದ್ದಾರೆ ಅಷ್ಟೇ. ಸರ್ಕಾರದ ಸಬ್ಸಿಡಿ, ಪ್ರಶಸ್ತಿ ಎಲ್ಲ ಸಿನಿಮಾ ಮುಗಿದ ಮೇಲಿನ ಮಾತು. ಅದಕ್ಕಿಂತ ಮೊದಲು ಬೇಕಾದದ್ದು ಕರಾವಳಿಯ ಮಲ್ಟಿಪ್ಲೆಕ್ಸ್‌ಗಳಲ್ಲಿ ತುಳುವಿಗೆ ಖಾತರಿಯಾದ ಸಂಜೆ ಆಟಗಳು, ಜೊತೆಗೆ ಎರಡು ತುಳು ಬಿಡುಗಡೆಗಳ ನಡುವೆ ನಿರ್ಮಾಪಕರೇ ಒಪ್ಪಿಕೊಂಡ ಅಂತರ. ಎರಡೂ ಆದರೆ ಒಮ್ಮೆ ಕೈಸುಟ್ಟುಕೊಂಡವರು ಎರಡನೇ ಸಿನಿಮಾಕ್ಕೆ ಧೈರ್ಯ ಮಾಡಿಯಾರು. ನಿರ್ಮಾಪಕನಿಗೆ ಕರಿಯರ್ ಅಂತ ಒಂದು ಶುರುವಾಗುವುದೇ ಎರಡನೆಯದರಿಂದ.