ಡೆಟ್ರಾಯಿಟ್‌ನಿಂದ ಡೊಂಬಿವಲಿಗೆ: ಕಾರ್ಖಾನೆ ಹೋದ ಮೇಲೆ ಉಳಿಯುವ ಊರು

ಕಲ್ಯಾಣ್–ಶಿಳ್ ರಸ್ತೆಯ ಬದಿಯ ಒಂದು ಬಯಲನ್ನು ಡೊಂಬಿವಲಿಯ ಜನ ಇಂದಿಗೂ ‘ಪ್ರೀಮಿಯರ್ ಮೈದಾನ’ವೆಂದು ಕರೆಯುತ್ತಾರೆ. ಅಲ್ಲಿ ಪ್ರೀಮಿಯರ್ ಆಟೋಮೊಬೈಲ್ಸ್ ಕಂಪನಿ ಕಾರುಗಳನ್ನು ತಯಾರಿಸುತ್ತಿದ್ದ ಕಾಲ ಸರಿದುಹೋಗಿದೆ. ಸುತ್ತಲೂ ಬಹುಮಹಡಿ ಕಟ್ಟಡಗಳು ಎದ್ದಿವೆ. ಈ ಹೆಸರಿನ ಹಿಂದೆ ಒಂದು ಮಹಾಯುದ್ಧ, ಅಮೆರಿಕದ ಒಂದು ನಗರ ಮತ್ತು ನಮ್ಮ ಬೆಂಗಳೂರು ಇವೆ ಎಂಬುದನ್ನು ನಾವು ಅಷ್ಟಾಗಿ ನೆನೆಯುವುದಿಲ್ಲ.

ಅದನ್ನು ನಮಗೆ ನೆನಪಿಸಿದ್ದು ಇತಿಹಾಸಕಾರ ಥಾಮಸ್ ಸುಗ್ರೂ ಅವರ ‘ದಿ ಒರಿಜಿನ್ಸ್ ಆಫ್ ದಿ ಅರ್ಬನ್ ಕ್ರೈಸಿಸ್’ ಎಂಬ ಗ್ರಂಥ. 1996ರಲ್ಲಿ ಪ್ರಕಟವಾಗಿ, 1998ರಲ್ಲಿ ಪ್ರತಿಷ್ಠಿತ ಬ್ಯಾಂಕ್ರಾಫ್ಟ್ ಪ್ರಶಸ್ತಿ ಪಡೆದ ಈ ಕೃತಿಯ ವಸ್ತು ಲೇಖಕರ ಹುಟ್ಟೂರಾದ ಡೆಟ್ರಾಯಿಟ್. ಎರಡನೆಯ ಮಹಾಯುದ್ಧದ ಕಾಲದಲ್ಲಿ ಅಲ್ಲಿನ ಮೋಟಾರು ಕಾರ್ಖಾನೆಗಳು ಕಾರುಗಳನ್ನು ಬಿಟ್ಟು ಟ್ಯಾಂಕು, ವಿಮಾನ, ಎಂಜಿನುಗಳನ್ನು ತಯಾರಿಸತೊಡಗಿದವು. ನಗರದಿಂದ ಸುಮಾರು 30 ಮೈಲಿ ದೂರದ ವಿಲ್ಲೋ ರನ್‌ನಲ್ಲಿ ಫೋರ್ಡ್ ಕಂಪನಿಯೊಂದೇ 8,000ಕ್ಕೂ ಹೆಚ್ಚು ‘ಲಿಬರೇಟರ್’ ಬಾಂಬರುಗಳನ್ನು ಹೊರತಂದಿತು. ದಕ್ಷಿಣದ ರಾಜ್ಯಗಳಿಂದ ಜನ ಕೆಲಸ ಅರಸಿ ಬಂದರು. ಕೆಲಸ ದೊರೆಯಿತು, ಆದರೆ ಆಫ್ರಿಕನ್-ಅಮೆರಿಕನ್ನರಿಗೆ ಮನೆ ದೊರೆಯುವುದು ದುಸ್ತರವಾಯಿತು. 1943ರ ಜೂನ್ ತಿಂಗಳ ಗಲಭೆಯಲ್ಲಿ ಸತ್ತ 34 ಮಂದಿಯಲ್ಲಿ 25 ಮಂದಿ ಅವರೇ.

ಡೆಟ್ರಾಯಿಟ್ ಹಾಳಾದದ್ದು 1967ರ ಗಲಭೆಯಿಂದ ಎಂಬ ಮಾತು ಪ್ರಚಲಿತವಾಗಿತ್ತು. ಸುಗ್ರೂ ಅದನ್ನು ಒಪ್ಪುವುದಿಲ್ಲ. 1947ರಿಂದ 1963ರ ನಡುವೆ, ಅಂದರೆ ಸಮೃದ್ಧಿಯ ದಿನಗಳೆಂದು ಎಲ್ಲರೂ ನಂಬಿದ್ದ ಕಾಲದಲ್ಲೇ, ಆ ನಗರ 1,34,000 ಕಾರ್ಖಾನೆ ಉದ್ಯೋಗಗಳನ್ನು ಕಳೆದುಕೊಂಡಿತ್ತೆಂದು ಅವರು ತೋರಿಸುತ್ತಾರೆ. ಕಂಪನಿಗಳು ಹೊರವಲಯಗಳಿಗೂ ದೂರದ ರಾಜ್ಯಗಳಿಗೂ ಸರಿದವು. ಯಂತ್ರಗಳು ಆಳುಗಳ ಸ್ಥಾನಕ್ಕೆ ಬಂದವು. ಮನೆಯ ಮಾರಾಟದಲ್ಲಿ ಬಣ್ಣ ನೋಡುವ ಕಟ್ಟುಪಾಡು ಬಡವರನ್ನು ಕಟ್ಟಿಹಾಕಿತು. ಇದು ವಿಧಿಲಿಖಿತವಲ್ಲ, ಮನುಷ್ಯರು ಕೈಗೊಂಡ ತೀರ್ಮಾನಗಳ ಫಲ ಎಂಬುದು ಅವರ ವಾದದ ಸಾರ.

ಆ ಡೆಟ್ರಾಯಿಟ್‌ನ ಒಂದು ಎಳೆ ನಮ್ಮತ್ತಲೂ ಹರಿದುಬಂದಿದೆ. ಕನ್ನಡ, ಮರಾಠಿಗಳೆರಡೂ ಬೆರೆತ ಸೊಲ್ಲಾಪುರದಲ್ಲಿ 1882ರಲ್ಲಿ ಹುಟ್ಟಿದ ವಾಲಚಂದ್ ಹೀರಾಚಂದ್ ಭಾರತದಲ್ಲೇ ಮೋಟಾರು ತಯಾರಿಸಬೇಕೆಂದು ಹಂಬಲಿಸಿದವರು. ಆ ಯೋಜನೆಗೆ ಒತ್ತಾಸೆಯಾಗಿದ್ದವರು ಸರ್ ಎಂ. ವಿಶ್ವೇಶ್ವರಯ್ಯನವರು. ಬ್ರಿಟಿಷ್ ಸರಕಾರ ಬೆಂಬಲ ಕೊಡದ ಕಾರಣ ಕೆಲಸ ನಿಧಾನವಾಯಿತು. ಪ್ರೀಮಿಯರ್ ಕಂಪನಿ 1944ರಲ್ಲಿ ಸ್ಥಾಪನೆಗೊಂಡು, ಡೆಟ್ರಾಯಿಟ್‌ನ ಕ್ರೈಸ್ಲರ್ ಸಂಸ್ಥೆಯ ಸಹಯೋಗದಲ್ಲಿ 1947ರಲ್ಲಿ ಕುರ್ಲಾದಿಂದ ತನ್ನ ಮೊದಲ ವಾಹನಗಳನ್ನು ಹೊರತಂದಿತು. ಡೊಂಬಿವಲಿಯ ಕಾರ್ಖಾನೆ ಅದರ ಮುಂದಿನ ಕವಲು.

ಮೋಟಾರಿಗೆ ಮುನ್ನವೇ ವಾಲಚಂದರು ವಿಮಾನಕ್ಕೆ ಕೈಹಾಕಿದ್ದರು. ಮೈಸೂರು ಸಂಸ್ಥಾನದ ನೆರವಿನಿಂದ 1940ರ ಡಿಸೆಂಬರ್ 23ರಂದು ಬೆಂಗಳೂರಿನಲ್ಲಿ ಹಿಂದೂಸ್ಥಾನ್ ಏರ್‌ಕ್ರಾಫ್ಟ್ ಕಂಪನಿ ಆರಂಭವಾಯಿತು. ಯಂತ್ರೋಪಕರಣಗಳನ್ನು ಅಮೆರಿಕದಿಂದ ಒದಗಿಸಿದವರು ವಿಲಿಯಂ ಪಾಲಿ. 1942ರಲ್ಲಿ ಭಾರತ ಸರಕಾರ ವಾಲಚಂದರ ಪಾಲನ್ನು ಕೊಂಡುಕೊಂಡಿತು. ಮೈಸೂರು ತನ್ನ ಪಾಲನ್ನು ಮಾರಲು ಒಪ್ಪದೆ, ಆಡಳಿತವನ್ನಷ್ಟೇ ಬಿಟ್ಟುಕೊಟ್ಟಿತು. 1943ರಲ್ಲಿ ಕಾರ್ಖಾನೆ ಅಮೆರಿಕದ ವಾಯುಪಡೆಯ ಕೈಸೇರಿ, ಭಾರತ ಮತ್ತು ಬರ್ಮಾ ರಂಗದ ವಿಮಾನಗಳ ದುರಸ್ತಿಯ ಕೇಂದ್ರವಾಯಿತು. ಯುದ್ಧಾನಂತರ ಕಾನಪುರದಲ್ಲಿ ಬಿಟ್ಟುಹೋಗಿದ್ದ ಲಿಬರೇಟರುಗಳಿಗೆ ಮರುಜೀವ ಕೊಟ್ಟು ನಮ್ಮ ವಾಯುಪಡೆಗೆ ಒಪ್ಪಿಸಿದವರೂ ಬೆಂಗಳೂರಿನ ಕೆಲಸಗಾರರೇ. ಕೆಲಕಾಲ ಅದೇ ಕಾರ್ಖಾನೆ ರೈಲು ಡಬ್ಬಿಗಳನ್ನೂ ಮಾಡಿತು. ಮುಂದೆ ಐಟಿಐ (1948), ಎಚ್‌ಎಂಟಿ (1953), ಬಿಇಎಲ್ (1954) ಬಂದು ಬೆಂಗಳೂರು ಸಾರ್ವಜನಿಕ ಉದ್ದಿಮೆಗಳ ನಗರವಾಯಿತು. ಯುದ್ಧದ ಕಾರ್ಖಾನೆಯನ್ನು ಶಾಂತಿಯ ಕಾಲಕ್ಕೆ ಉಳಿಸಿಕೊಂಡದ್ದೂ ಒಂದು ತೀರ್ಮಾನವೇ.

ಯುದ್ಧ ನಮ್ಮ ನೆರೆಯಲ್ಲೂ ಒಂದು ಊರನ್ನು ಬಿಟ್ಟುಹೋಗಿದೆ. ಕಲ್ಯಾಣದ ಬಳಿ ಸೈನಿಕರಿಗಾಗಿ ಹಾಕಿದ್ದ ಶಿಬಿರಗಳಲ್ಲಿ ದೇಶ ವಿಭಜನೆಯ ನಂತರ ಸಿಂಧಿ ನಿರಾಶ್ರಿತರು ನೆಲೆಸಿದರು. 1949ರ ಆಗಸ್ಟ್ 8ರಂದು ಸಿ. ರಾಜಗೋಪಾಲಾಚಾರಿಯವರು ಅಡಿಗಲ್ಲಿಟ್ಟು, ಆ ಊರು ಉಲ್ಲಾಸನಗರವಾಯಿತು. ಜನ ಇಂದಿಗೂ ವಿಳಾಸ ಹೇಳುವುದು ‘ಕ್ಯಾಂಪ್ ನಂಬರ್’ ಹಿಡಿದೇ.

ಇಲ್ಲಿ ಡೆಟ್ರಾಯಿಟ್‌ಗೂ ನಮಗೂ ಒಂದು ದೊಡ್ಡ ಅಂತರವಿದೆ. 1950ರಲ್ಲಿ ಸುಮಾರು 18.5 ಲಕ್ಷವಿದ್ದ ಡೆಟ್ರಾಯಿಟ್‌ನ ಜನಸಂಖ್ಯೆ 2020ರಲ್ಲಿ ಸುಮಾರು 6.4 ಲಕ್ಷಕ್ಕೆ ಇಳಿಯಿತು. ಕಾರ್ಖಾನೆಯ ಹಿಂದೆಯೇ ಜನರೂ ಹೋದರು. ಬಾಗಿಲು ಮುರಿದ ಮನೆಗಳು ಉಳಿದವು. ಇಲ್ಲಿ ಹಾಗಾಗಲಿಲ್ಲ. 2011ರ ಗಣತಿಯಲ್ಲಿ ಕಲ್ಯಾಣ್–ಡೊಂಬಿವಲಿ ಮಹಾನಗರಪಾಲಿಕೆಯ ಜನಸಂಖ್ಯೆ 12 ಲಕ್ಷವನ್ನು ದಾಟಿತ್ತು. ಪಾಳುಬಿದ್ದ ನಗರ ಪ್ರಶ್ನೆ ಕೇಳುವಂತೆ ಮಾಡುತ್ತದೆ. ತುಂಬಿತುಳುಕುವ ನಗರ ಪ್ರಶ್ನೆಯನ್ನೇ ಮುಚ್ಚಿಬಿಡುತ್ತದೆ. ಗೋಪುರದಂಥ ಕಟ್ಟಡದ ಅಡಿಯಲ್ಲಿ ಯಾವ ಶೆಡ್ಡಿತ್ತು, ಅಲ್ಲಿ ದುಡಿದವರು ಎಲ್ಲಿ ಹೋದರು ಎಂದು ಕೇಳುವವರು ವಿರಳ.

ಈ ಪ್ರಶ್ನೆ ನಮ್ಮದೂ ಹೌದು. ಎಂಐಡಿಸಿ 1962ರಲ್ಲಿ ಸ್ಥಾಪನೆಯಾದ ಮೇಲೆ ಥಾಣೆಯ ವಾಗ್ಳೆ ಎಸ್ಟೇಟ್, ಥಾಣೆ–ಬೇಲಾಪುರ ರಸ್ತೆ, ಡೊಂಬಿವಲಿಯ ಕೈಗಾರಿಕಾ ವಸಾಹತುಗಳು ಬೆಳೆದಾಗ, ಕರಾವಳಿಯಿಂದಲೂ ಬಯಲುಸೀಮೆಯಿಂದಲೂ ಬಂದ ನಮ್ಮವರು ಲೇತಿನ ಮುಂದೆ ನಿಂತರು, ಸ್ಟೋರ್ಸಿನ ಲೆಕ್ಕ ಬರೆದರು, ಕ್ಯಾಂಟೀನು ನಡೆಸಿದರು. ನಮ್ಮ ಸಂಘಗಳ ಸ್ಮರಣ ಸಂಚಿಕೆಗಳಲ್ಲಿ ನಾಟಕ, ಯಕ್ಷಗಾನ, ರಾಜ್ಯೋತ್ಸವಗಳ ವರದಿ ಧಾರಾಳವಾಗಿದೆ. ಅವುಗಳಿಗೆ ಚಂದಾ ಕೊಟ್ಟ ಕೈಗಳು ಹಗಲೆಲ್ಲ ಏನು ಮಾಡುತ್ತಿದ್ದವು ಎಂಬುದು ಅಪರೂಪ.

ಮುಂಬಯಿಯ ಗಿರಣಿ ಕಾರ್ಮಿಕರಿಗೆ ರಾಜನಾರಾಯಣ ಚಂದಾವರಕರ ದೊರೆತರು. ಕೋಲಾರದ ಗಣಿಯವರಿಗೂ ಬೆಂಗಳೂರಿನ ಗಿರಣಿಯವರಿಗೂ ಜಾನಕಿ ನಾಯರ್ ದೊರೆತರು. ಸುಗ್ರೂ ಅವರು ಬಳಸಿದ ಆಕರಗಳಲ್ಲಿ ಮನೆಮಾಲಿಕರ ಸಂಘಗಳ ಕರಪತ್ರಗಳಂಥ ಸಾಮಾನ್ಯ ಕಾಗದಗಳೂ ಇದ್ದವು. ನಮ್ಮ ಮನೆಗಳ ಟ್ರಂಕುಗಳಲ್ಲೂ ನೇಮಕಾತಿ ಪತ್ರ, ಗೇಟ್‌ಪಾಸು, ಯೂನಿಯನ್ ಕರಪತ್ರ, ಭವಿಷ್ಯನಿಧಿಯ ಚೀಟಿ ಇರಬಹುದು. ರದ್ದಿಗೆ ಹಾಕುವ ಮುನ್ನ ಅವನ್ನು ಒಮ್ಮೆ ಬಿಡಿಸಿ ನೋಡೋಣ. ಮನೆಯ ಹಿರಿಯರನ್ನು ಕೇಳೋಣ: ಯಾವ ವರ್ಷ ಸೇರಿದಿರಿ, ಯಾರು ಕರೆತಂದರು, ಒಂದು ಕೋಣೆಯಲ್ಲಿ ಎಷ್ಟು ಜನ ಇದ್ದಿರಿ, ಗೇಟಿಗೆ ಬೀಗ ಬಿದ್ದ ದಿನ ಮನೆಗೆ ಬಂದು ಏನು ಹೇಳಿದಿರಿ? ಉತ್ತರಿಸಬಲ್ಲವರು ಇನ್ನೂ ನಮ್ಮ ನಡುವೆ ಇದ್ದಾರೆ. ಅವರು ಹೇಳಿದ್ದನ್ನು ತಾರೀಕು ಹಾಕಿ ಕನ್ನಡದಲ್ಲಿ ಬರೆದಿಡುವ ಕೆಲಸ ನಮ್ಮದು.