ಅಡಿಕೆ ತೋಟದ ಕೊಕ್ಕೊ ಮತ್ತು ಶ್ರಾವಕನ ಅಡುಗೆಮನೆ

ನಮ್ಮ ಊಟದೆಲೆಗೆ ಬಂದು ಸೇರಿದ ಪ್ರತಿಯೊಂದು ಪದಾರ್ಥಕ್ಕೂ ತನ್ನದೇ ಆದ ಚರಿತ್ರೆಯಿದೆ. ಗೇರು, ಅನಾನಸು, ಮೆಣಸಿನಕಾಯಿ ಇವು ಪೋರ್ಚುಗೀಸರ ಹಡಗುಗಳೊಂದಿಗೆ ಕರಾವಳಿಗೆ ಬಂದವು. ಇಂದು ಅವನ್ನು ಪರದೇಶದವೆಂದು ಯಾರೂ ಎಣಿಸುವುದಿಲ್ಲ. ಹಿರಿಯರು ಹೊಸ ಪದಾರ್ಥವೊಂದು ಮನೆಯೊಳಗೆ ಬಂದಾಗಲೆಲ್ಲ ಅದು ಎಲ್ಲಿಂದ ಬಂತು, ಅದರಲ್ಲಿ ಏನು ಸೇರಿದೆ, ಅದನ್ನು ಯಾವಾಗ ಮತ್ತು ಎಷ್ಟು ತಿನ್ನಬೇಕು ಎಂದು ವಿಚಾರಿಸಿಯೇ ಸ್ವೀಕರಿಸುತ್ತಿದ್ದರು. ಈಗ ನಮ್ಮ ಮದುವೆ ಮನೆಗಳಲ್ಲಿ, ಬಸದಿಯ ಸಭಾಭವನಗಳ ಪಂಕ್ತಿಗಳಲ್ಲಿ, ರಜೆಗೆ ಬಂದ ಮಕ್ಕಳ ಹಟದಲ್ಲಿ ಚಾಕೊಲೇಟ್ ಐಸ್‌ಕ್ರೀಮ್ ಎಂಬುದು ನೆಲೆಯೂರಿದೆ. ಅದರ ವಿಷಯದಲ್ಲಿಯೂ ಇದೇ ವಿಚಾರಣೆ ನಡೆಯಬೇಕಾದುದು ಉಚಿತ. ಬೆಳ್ತಂಗಡಿ, ಬಂಟ್ವಾಳ, ಮೂಡಬಿದಿರೆಯ ಕಡೆಯ ಕುಟುಂಬಗಳಿಗಂತೂ ಇದು ದೂರದ ಸಂಗತಿಯಲ್ಲ. ಆ ಸಿಹಿಯ ಮೂಲವಾದ ಕೊಕ್ಕೊ ನಮ್ಮ ಅಡಿಕೆ ಮರಗಳ ನೆರಳಿನಲ್ಲಿಯೇ ಬೆಳೆಯುತ್ತಿದೆ.

ಕೊಕ್ಕೊ ಬಂದ ದಾರಿ

ಕೊಕ್ಕೊ ಮರದ ತವರು ದಕ್ಷಿಣ ಅಮೆರಿಕದ ಅಮೆಜಾನ್ ನದಿಯ ಮೇಲ್ಭಾಗದ ಕಾಡು. ಮಧ್ಯ ಅಮೆರಿಕದ ಮಾಯಾ ಮತ್ತು ಅಜ್ಟೆಕ್ ಜನರು ಅದರ ಬೀಜವನ್ನು ಅರೆದು ಪಾನೀಯವಾಗಿ ಸೇವಿಸುತ್ತಿದ್ದರು. ಯುರೋಪಿಗೆ ಹೋದ ಮೇಲೂ ಬಹುಕಾಲ ಅದು ಕುಡಿಯುವ ಪದಾರ್ಥವಾಗಿಯೇ ಉಳಿಯಿತು. 1828ರಲ್ಲಿ ಹಾಲೆಂಡಿನ ವಾನ್ ಹೌಟನ್ ಬೀಜದ ಕೊಬ್ಬನ್ನು ಹಿಂಡಿ ತೆಗೆದು ಹುಡಿಯನ್ನು ಬೇರ್ಪಡಿಸುವ ವಿಧಾನಕ್ಕೆ ಹಕ್ಕುಪತ್ರ ಪಡೆದ ಮೇಲೆ ಕೊಕ್ಕೊ ಹುಡಿ ಮತ್ತು ತಿನ್ನುವ ಚಾಕೊಲೇಟ್ ಇವೆರಡಕ್ಕೂ ಹಾದಿ ತೆರೆಯಿತು.

ಭಾರತಕ್ಕೆ ಕೊಕ್ಕೊ ಸಸಿಗಳು ಬಂದದ್ದು 1798ರಲ್ಲಿ, ತಮಿಳುನಾಡಿನ ಕುಟ್ರಾಲಂಗೆ. ಆದರೆ ಬೆಳೆಯಾಗಿ ಅದು ಬೇರೂರಿದ್ದು 1960ರ ದಶಕದ ನಂತರ, ಕೇರಳ ಮತ್ತು ದಕ್ಷಿಣ ಕನ್ನಡದ ತೋಟಗಳಲ್ಲಿ. ಬಂಟ್ವಾಳ ತಾಲೂಕಿನ ವಿಟ್ಲದಲ್ಲಿರುವ ಕೇಂದ್ರೀಯ ತೋಟದ ಬೆಳೆಗಳ ಸಂಶೋಧನಾ ಸಂಸ್ಥೆಯ ಕೇಂದ್ರವು ಕೊಕ್ಕೊ ತಳಿಗಳನ್ನು ಸಂಗ್ರಹಿಸಿ, ಅಡಿಕೆಯ ನಡುವೆ ಅದನ್ನು ಬೆಳೆಸುವ ಕ್ರಮವನ್ನು ರೈತರಿಗೆ ತಿಳಿಸಿತು. ಕೊಕ್ಕೊ ನೆರಳನ್ನು ಸಹಿಸುವ ಮರ. ಅಡಿಕೆಗೆ ಹಾಕಿದ ನೀರು, ಗೊಬ್ಬರಗಳಲ್ಲಿಯೇ ಪಾಲು ಪಡೆದು ಬದುಕುತ್ತದೆ. ಉದುರಿದ ಎಲೆಗಳಿಂದ ನೆಲಕ್ಕೆ ಹೊದಿಕೆಯನ್ನು ಹಿಂದಿರುಗಿಸುತ್ತದೆ. ಕಾಂಡಕ್ಕೇ ಅಂಟಿಕೊಂಡು ಬಿಡುವ ಅದರ ಕಾಯಿಗಳನ್ನು ಉಜಿರೆಯ ಸುತ್ತಿನ ತೋಟಗಳಲ್ಲಿ ಕಾಣದವರು ವಿರಳ.

ಈ ಬೆಳೆಯ ಹಿಂದೆ ಸಂಕಟದ ಅಧ್ಯಾಯವೂ ಒಂದಿದೆ. 1970ರ ಸುಮಾರಿಗೆ ಅಡಿಕೆಯ ಧಾರಣೆ ಕುಸಿದು ಕೃಷಿಕರು ತತ್ತರಿಸಿದಾಗ, ವಾರಣಾಶಿ ಸುಬ್ರಾಯ ಭಟ್ಟರ ನೇತೃತ್ವದಲ್ಲಿ ಕರ್ನಾಟಕ ಮತ್ತು ಕೇರಳದ ಬೆಳೆಗಾರರು ಕೂಡಿ 1973ರಲ್ಲಿ ಮಂಗಳೂರಿನಲ್ಲಿ ಕ್ಯಾಂಪ್ಕೊ ಸಹಕಾರ ಸಂಸ್ಥೆಯನ್ನು ಸ್ಥಾಪಿಸಿದರು. ಆ ದಶಕದ ಕೊನೆಗೆ ಕೊಕ್ಕೊವಿಗೂ ಅದೇ ಗತಿ ಒದಗಿತು. ಜಾಗತಿಕ ಧಾರಣೆ ಇಳಿದು, ಕೊಳ್ಳುವವರು ಹಿಂದೆ ಸರಿದರು; ಹಣ್ಣು ಮರದಲ್ಲಿಯೇ ಕೊಳೆಯತೊಡಗಿತು; ಗಿಡಗಳನ್ನೇ ಕಡಿದು ಹಾಕಿದವರೂ ಉಂಟು. ಆಗ ಕ್ಯಾಂಪ್ಕೊ ಕೊಕ್ಕೊ ಖರೀದಿಗೆ ಇಳಿಯಿತು. ಕೊಂಡುದನ್ನು ಬಳಸುವ ದಾರಿಯೂ ಬೇಕೆಂದು 1986ರಲ್ಲಿ ಪುತ್ತೂರಿನಲ್ಲಿ ಚಾಕೊಲೇಟ್ ಕಾರ್ಖಾನೆಯನ್ನು ಆರಂಭಿಸಿತು. ಬೆಳೆದವರೇ ಒಡೆಯರಾದ ಇಂತಹ ಕಾರ್ಖಾನೆಗಳು ಪ್ರಪಂಚದಲ್ಲಿಯೇ ಅಪರೂಪ. ನಮ್ಮ ಜಿಲ್ಲೆಯ ಮಕ್ಕಳು ತಿನ್ನುವ ಚಾಕೊಲೇಟಿನ ತುಂಡಿನಲ್ಲಿ ನೆರೆಯ ತೋಟದವರ ಬೆವರು ಇದ್ದೀತು ಎಂಬುದು ಆ ಸಾಹಸದ ಫಲ.

ಮಂಜುಗಡ್ಡೆ ಬಂದ ದಾರಿ

ಬೇಸಗೆಯ ಸೆಕೆಗೆ ತುಳುನಾಡಿನ ಪರಿಹಾರ ಸರಳವಾದುದು: ಬಂದವರಿಗೆ ಬೆಲ್ಲ ಮತ್ತು ನೀರು, ಪಾನಕ, ನೀರು ಮಜ್ಜಿಗೆ, ಎಳನೀರು. ಹಿಮವೆಂಬುದನ್ನು ನಮ್ಮ ಪೂರ್ವಿಕರು ಪುರಾಣಗಳ ವರ್ಣನೆಯಲ್ಲಿ ಮಾತ್ರ ಅರಿತಿದ್ದರು. ಅಕ್ಬರನ ಆಸ್ಥಾನದಲ್ಲಿ ಪೆಟ್ಲುಪ್ಪಿನಿಂದ ನೀರನ್ನು ತಂಪುಮಾಡುತ್ತಿದ್ದುದನ್ನೂ, ಹಿಮಾಲಯದ ಕಡೆಯಿಂದ ಹಿಮವನ್ನು ತರಿಸುತ್ತಿದ್ದುದನ್ನೂ ಅಬುಲ್ ಫಜಲನು ಐನ್-ಇ-ಅಕ್ಬರಿಯಲ್ಲಿ ದಾಖಲಿಸಿದ್ದಾನೆ. 1833ರ ಸೆಪ್ಟೆಂಬರಿನಲ್ಲಿ ಅಮೆರಿಕದ ಬಾಸ್ಟನ್ನಿನಿಂದ ಟಸ್ಕನಿ ಎಂಬ ಹಡಗು ಕೆರೆಯ ಮಂಜುಗಡ್ಡೆಯನ್ನು ಹೇರಿಕೊಂಡು ನಾಲ್ಕು ತಿಂಗಳ ಪ್ರಯಾಣದ ಬಳಿಕ ಕಲ್ಕತ್ತಾ ತಲುಪಿತು. ಆ ವ್ಯಾಪಾರಕ್ಕಾಗಿ ಕಟ್ಟಿದ ಮದರಾಸಿನ ಮಂಜುಗಡ್ಡೆಯ ಮನೆ ಇಂದು ವಿವೇಕಾನಂದರ ಸ್ಮಾರಕವಾಗಿ ನಿಂತಿದೆ.

ಮುಂದೆ ಯಂತ್ರದಿಂದ ಮಂಜುಗಡ್ಡೆ ಮಾಡುವ ಕಾರ್ಖಾನೆಗಳು ಬಂದವು. ನಮ್ಮ ಕರಾವಳಿಯಲ್ಲಿ ಅವುಗಳ ಮುಖ್ಯ ಗ್ರಾಹಕ ಮೀನುಗಾರಿಕೆ. ಆದುದರಿಂದ ಅಲ್ಲಿಯ ಗಡ್ಡೆಯನ್ನು ಮನೆಯೊಳಗೆ ತರಲು ಶ್ರಾವಕರು ಹಿಂಜರಿದುದು ಸಹಜ. 1975ರಲ್ಲಿ ಮಂಗಳೂರಿನಲ್ಲಿ ಐಡಿಯಲ್ ಐಸ್‌ಕ್ರೀಮ್ ಆರಂಭವಾಯಿತು. ಮಂಗಳೂರು-ಉಡುಪಿಯ ಗಡ್‌ಬಡ್ ನಾಡೆಲ್ಲ ಹೆಸರಾಯಿತು. ಹೀಗೆ ಐಸ್‌ಕ್ರೀಮ್ ಪೇಟೆಯ ವಿನೋದವಾಗಿ ಬಂದು, ಶೀತಕ ಪೆಟ್ಟಿಗೆಗಳು ಮನೆಮನೆಗೆ ಬಂದ ಮೇಲೆ ಮನೆಯ ತಿನಿಸೂ ಆಯಿತು.

ಶ್ರಾವಕಾಚಾರದ ದೃಷ್ಟಿ

ಇಲ್ಲಿ ಒಂದು ಪ್ರಶ್ನೆ ಉದ್ಭವಿಸುತ್ತದೆ. ಈ ತಿನಿಸು ನಮಗೆ ಭಕ್ಷ್ಯವೋ ಅಭಕ್ಷ್ಯವೋ? ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಮದ್ಯ, ಮಾಂಸ, ಮಧುಗಳ ತ್ಯಾಗವನ್ನು ಐದು ಅಣುವ್ರತಗಳೊಡನೆ ಸೇರಿಸಿ ಮೂಲಗುಣಗಳೆಂದರು. ಮೂಲಂಗಿ, ಹಸಿ ಶುಂಠಿ, ಬೆಣ್ಣೆ ಮುಂತಾದವನ್ನು ಬಿಡಬೇಕೆನ್ನುವಾಗ ಅವರು ಕೊಟ್ಟ ಕಾರಣ ಗಮನಾರ್ಹವಾದುದು: ದೊರೆಯುವ ಪ್ರಯೋಜನ ಅಲ್ಪ, ಆಗುವ ಜೀವಘಾತ ಬಹಳ. ಈ ತೂಕದ ತಕ್ಕಡಿಯನ್ನು ಯಾವ ಕಾಲದ ಯಾವ ಹೊಸ ಪದಾರ್ಥಕ್ಕೂ ಹಿಡಿಯಬಹುದು.

ಜೈನರಲ್ಲಿ ಪ್ರಚಲಿತವಾದ ಇಪ್ಪತ್ತೆರಡು ಅಭಕ್ಷ್ಯಗಳ ಗಣನೆಯಲ್ಲಿ ಆಲಿಕಲ್ಲು, ಹಿಮಗಳೂ ಸೇರಿವೆ. ನೀರೇ ಜಲಕಾಯಿಕ ಜೀವಗಳ ಶರೀರವೆಂದು ತಿಳಿದವರು ಗಡ್ಡೆಗಟ್ಟಿದ ನೀರನ್ನು ಬಾಯಿಚಪಲಕ್ಕಾಗಿ ಬಳಸಲು ಒಪ್ಪದಿರುವುದು ತರ್ಕಸಮ್ಮತವಾಗಿಯೇ ಇದೆ. ಅಂತಹ ನಿಯಮವನ್ನು ಹಿಡಿದ ಹಿರಿಯರು ಐಸ್‌ಕ್ರೀಮನ್ನು ಮುಟ್ಟುವುದಿಲ್ಲ. ಅವರ ನಿಯಮವನ್ನು ಹಾಸ್ಯ ಮಾಡುವ ಹಕ್ಕು ಯಾರಿಗೂ ಇಲ್ಲ. ಆ ನಿಯಮವಿಲ್ಲದ ಗೃಹಸ್ಥರೂ ಪೇಟೆಯ ಐಸ್‌ಕ್ರೀಮಿನ ಒಳಗನ್ನು ತಿಳಿದುಕೊಳ್ಳಬೇಕು. ಪಾಶ್ಚಾತ್ಯ ಪದ್ಧತಿಯಲ್ಲಿ ಐಸ್‌ಕ್ರೀಮಿಗೆ ಗಾಢತೆ ಬರುವುದು ಮುಖ್ಯವಾಗಿ ಮೊಟ್ಟೆಯ ಹಳದಿಯಿಂದ. ಮಂಜಿನ ಹರಳು ದೊಡ್ಡದಾಗದಂತೆ ತಡೆಯಲು ಹಿಂದೆ ಜೆಲಾಟಿನ್ ಬಳಕೆ ವ್ಯಾಪಕವಾಗಿತ್ತು. ಅದು ಪ್ರಾಣಿಗಳ ಚರ್ಮ ಮತ್ತು ಎಲುಬುಗಳಿಂದ ತೆಗೆದ ಅಂಟು. ಇಂದು ರಾಜಸ್ಥಾನದ ಗೋರಿಕಾಯಿ ಬೀಜದ ಗೋಂದು ಬಹುಮಟ್ಟಿಗೆ ಆ ಕೆಲಸ ಮಾಡುತ್ತದೆ. ಕೊಬ್ಬನ್ನೂ ನೀರನ್ನೂ ಬೆಸೆಯುವ ಕೆಲವು ದ್ರವ್ಯಗಳು ಸಸ್ಯದಿಂದಲೂ ಬರಬಹುದು, ಪ್ರಾಣಿಯಿಂದಲೂ ಬರಬಹುದು. ಈ ಶತಮಾನದ ಆರಂಭದಲ್ಲಿ ಭಾರತ ಸರಕಾರ ಸಸ್ಯಾಹಾರಕ್ಕೆ ಹಸಿರು ಬಿಂದುವಿನ ಗುರುತನ್ನು ಕಡ್ಡಾಯ ಮಾಡಿದ್ದು ದೊಡ್ಡ ಉಪಕಾರ. ಆದರೆ ಹಸಿರು ಬಿಂದು ಜೇನನ್ನಾಗಲಿ, ಕಂದಮೂಲವನ್ನಾಗಲಿ ನಿಷೇಧಿಸುವುದಿಲ್ಲ. ಅದು ಕಾನೂನಿನ ಗೆರೆ. ಶ್ರಾವಕನ ಗೆರೆ ಅದಕ್ಕಿಂತ ಒಳಗಿದೆ.

ಮನೆಯಲ್ಲಿ ಮಾಡುವ ಕ್ರಮ

ಆದುದರಿಂದ ತಿನ್ನಲೇಬೇಕೆಂದಿದ್ದರೆ ಮನೆಯಲ್ಲಿ ಮಾಡುವುದೇ ಮೇಲು. ಎಂಟು ಹತ್ತು ಜನರಿಗೆ ಕೆನೆಭರಿತ ಹಾಲು 1 ಲೀಟರ್, ಹಾಲಿನ ಕೆನೆ 200 ಗ್ರಾಂ, ಸಕ್ಕರೆ 150 ಗ್ರಾಂ, ಕೊಕ್ಕೊ ಹುಡಿ 40 ಗ್ರಾಂ, ಕಪ್ಪು ಚಾಕೊಲೇಟ್ 80 ಗ್ರಾಂ, ಮೆಕ್ಕೆಜೋಳದ ನಯವಾದ ಹಿಟ್ಟು 15 ಗ್ರಾಂ, ಒಂದು ಚಿಟಿಕೆ ಉಪ್ಪು ಸಾಕು. ಮನೆಯ ಹಸುವಿನ ಹಾಲಾದರೆ ಕರೆದ ಒಂದು ಮುಹೂರ್ತದೊಳಗೆ, ಅಂದರೆ 48 ನಿಮಿಷಗಳೊಳಗೆ, ಸೋಸಿ ಕಾಯಿಸುವ ಕ್ರಮವನ್ನು ಪಾಲಿಸಲು ಸಾಧ್ಯ; ಕರುವಿನ ಪಾಲು ಮೊದಲು ಸಲ್ಲಬೇಕೆಂಬುದನ್ನು ಹೇಳಬೇಕಾಗಿಲ್ಲ.

ಹಾಲನ್ನು ದಪ್ಪ ತಳದ ಪಾತ್ರೆಯಲ್ಲಿ ಸಣ್ಣ ಉರಿಯಲ್ಲಿಟ್ಟು ಸುಮಾರು 600 ಮಿಲಿಲೀಟರಿಗೆ ಇಳಿಯುವವರೆಗೆ ಕುದಿಸಬೇಕು. ಮೊಟ್ಟೆ ಕೊಡುವ ಗಾಢತೆಯನ್ನು ಇಲ್ಲಿ ಬತ್ತಿಸಿದ ಹಾಲೇ ಕೊಡುತ್ತದೆ. ಕೊಕ್ಕೊ ಹುಡಿ, ಸಕ್ಕರೆ ಮತ್ತು ಹಿಟ್ಟನ್ನು ಒಣಗಿರುವಾಗಲೇ ಬೆರೆಸಿ, ತಣಿದ ಸ್ವಲ್ಪ ಹಾಲಿನಲ್ಲಿ ಗಂಟಿಲ್ಲದಂತೆ ಕದಡಿ, ಕುದಿಯುವ ಹಾಲಿಗೆ ಹೊಯ್ದು, ರಾಗಿ ಮಣ್ಣಿ ಕಾಸುವಾಗ ಮಾಡುವಂತೆ ಕೈಬಿಡದೆ ಐದಾರು ನಿಮಿಷ ಮಗುಚಬೇಕು. ಕೊಕ್ಕೊ ಹೀಗೆ ಬೆಂದರೆ ಮಾತ್ರ ಅದರ ಹಸಿ ಒಗರು ಹೋಗಿ ಪರಿಮಳ ಬಿಡುತ್ತದೆ. ಕೆನೆಯನ್ನು ಸೇರಿಸಿ ಒಂದು ಕುದಿ ಬಂದೊಡನೆ ಇಳಿಸಿ, ಚಾಕೊಲೇಟಿನ ಚೂರುಗಳನ್ನು ಹಾಕಿ ಕರಗಿಸಬೇಕು. ರುಚಿ ಬರುವುದು ಹುಡಿಯಿಂದ, ಮೈ ಬರುವುದು ಚಾಕೊಲೇಟಿನಿಂದ. ನಾಲಗೆ ತಣ್ಣಗಾದಾಗ ಸಿಹಿ ಕಡಿಮೆಯಾಗಿ ತೋರುವುದರಿಂದ, ಬಿಸಿಯಲ್ಲಿ ತುಸು ಹೆಚ್ಚು ಸಿಹಿಯೆನಿಸಿದರೆ ಸರಿಯಾಗುತ್ತದೆ.

ಇಲ್ಲಿ ಎರಡು ಎಚ್ಚರಿಕೆಗಳು ಅವಶ್ಯ. ನಮ್ಮ ಕಡೆ ಮಣ್ಣಿಗೆ ಕೂವೆ ಹುಡಿ ಬಳಸುವ ರೂಢಿಯಿದೆ. ಕೂವೆ ನೆಲದೊಳಗಿನ ಗಡ್ಡೆ. ಕಂದಮೂಲ ಬಿಟ್ಟವರು ಅದರ ಬದಲು ಧಾನ್ಯದ ಹಿಟ್ಟನ್ನೇ ಬಳಸಬೇಕು. ಎರಡನೆಯದಾಗಿ, ಸೀಸೆಯ ವೆನಿಲಾ ಸತ್ತ್ವವನ್ನು ಸಾಮಾನ್ಯವಾಗಿ ಮದ್ಯಸಾರದಲ್ಲಿ ಇಳಿಸಿರುತ್ತಾರೆ. ಪರಿಮಳ ಬೇಕೆನಿಸಿದರೆ ವೆನಿಲಾ ಕೋಡನ್ನೇ ಸೀಳಿ ಹಾಲಿಗೆ ಹಾಕಬಹುದು, ಇಲ್ಲವೆ ಎರಡು ಏಲಕ್ಕಿ ಸಾಕು.

ಚೆನ್ನಾಗಿ ತಣಿದ ಬಳಿಕ ಅಗಲವಾದ ಪಾತ್ರೆಯಲ್ಲಿ ಮುಚ್ಚಿ ಶೀತಕ ಪೆಟ್ಟಿಗೆಯ ಹಿಮಕೋಶದಲ್ಲಿಡಬೇಕು. ಎರಡು ಗಂಟೆಯಾದಾಗ ಅಂಚು ಗಟ್ಟಿಯಾಗಿರುತ್ತದೆ; ಆಗ ಹೊರತೆಗೆದು ಬಲವಾಗಿ ಕಡೆದು ಮತ್ತೆ ಇಡಬೇಕು. ಹೀಗೆ ಮೂರು ಬಾರಿ ಮಾಡಿದರೆ ಹರಳುಗಳು ಸಣ್ಣವಾಗಿ ಉಳಿದು ನಯವಾಗುತ್ತದೆ. 1843ರಲ್ಲಿ ಅಮೆರಿಕದ ನ್ಯಾನ್ಸಿ ಜಾನ್ಸನ್ ಎಂಬ ಮಹಿಳೆ ಹಕ್ಕುಪತ್ರ ಪಡೆದ ಕೈಯಂತ್ರದ ತತ್ತ್ವವೂ ಇದೇ: ಮರದ ಪೀಪಾಯಿ, ಒಳಗೊಂದು ಲೋಹದ ಪಾತ್ರೆ, ನಡುವೆ ಮಂಜುಗಡ್ಡೆ ಮೂರು ಪಾಲು ಮತ್ತು ಉಪ್ಪು ಒಂದು ಪಾಲು, ಮೇಲೆ ತಿರುಗಿಸುವ ಹಿಡಿ. ಉಪ್ಪು ಸೇರಿದ ಮಂಜು ಸೊನ್ನೆಗಿಂತ ಸುಮಾರು 20 ಡಿಗ್ರಿ ಕೆಳಗಿನವರೆಗೂ ತಣಿಯಬಲ್ಲದು.

ಹಿಮಕೋಶಕ್ಕೆ ಇಡುವ ಮೊದಲು ಒಂದು ಪಾಲನ್ನು ಬೇರೆ ತೆಗೆದಿಡುವುದು ಒಳ್ಳೆಯ ಪದ್ಧತಿ. ಅದು ಸೊಗಸಾದ ಪಾಯಸವೇ ಆಗಿರುತ್ತದೆ. ಚಾಕೊಲೇಟಿನ ತುಂಡಿನಲ್ಲಿ ಏನು ಸೇರಿದೆಯೆಂದು ಹೊದಿಕೆಯನ್ನು ಓದಿ ನೋಡಿರಬೇಕು. ಸಂಶಯವಿದ್ದರೆ ಹುಡಿ ಮಾತ್ರ ಸಾಕು. ಹಿಮದ ನಿಯಮವಿರುವ ಅಜ್ಜಿಗೆ ಆ ಬೆಚ್ಚಗಿನ ಬಟ್ಟಲು, ಮೊಮ್ಮಗನಿಗೆ ತಣ್ಣಗಿನ ಬಟ್ಟಲು. ಇಬ್ಬರೂ ಒಂದೇ ಪಂಕ್ತಿಯಲ್ಲಿ, ಸೂರ್ಯಾಸ್ತಕ್ಕೆ ಮೊದಲು ಕುಳಿತು ಉಣ್ಣಬಹುದು. ಮಾಡಿದ್ದನ್ನು ಅಂದೇ ಮುಗಿಸುವುದರಿಂದ ಆಹಾರದ ಕಾಲಮರ್ಯಾದೆಯೂ ಉಳಿಯುತ್ತದೆ.

ಕಾಣದಿರುವ ಹಿಂಸೆ

ಅಡುಗೆಮನೆ ಶುದ್ಧವಾದ ಮಾತ್ರಕ್ಕೆ ವಿಚಾರ ಮುಗಿಯಲಿಲ್ಲ. ಕೊಕ್ಕೊ ಬೀಜದಲ್ಲಿ ಚಾಕೊಲೇಟಿನ ರುಚಿ ಹುಟ್ಟುವುದು ಅದನ್ನು ಐದಾರು ದಿನ ರಾಶಿ ಹಾಕಿ ಹುಳಿಯಲು ಬಿಟ್ಟಾಗ. ಆ ಕಾವಿನಲ್ಲಿ ಮೊಳಕೆಯೊಡೆಯಬೇಕಾದ ಬೀಜದ ಜೀವ ನಂದುತ್ತದೆ, ಅಸಂಖ್ಯ ಸೂಕ್ಷ್ಮಜೀವಿಗಳು ಹುಟ್ಟಿ ಅಳಿಯುತ್ತವೆ. ತೋಟದಲ್ಲಿ ಮಾಗಿದ ಕಾಯಿಗಳನ್ನು ಇಲಿ, ಅಳಿಲುಗಳು ಕೊರೆಯುತ್ತವೆ; ಅವನ್ನು ವಿಷವಿಟ್ಟು, ಬೋನಿಟ್ಟು ಕೊಲ್ಲುವ ರೂಢಿ ಇದೆ. ಸಂಕಲ್ಪೀ ಹಿಂಸೆಯನ್ನು ಗೃಹಸ್ಥನು ಪೂರ್ಣವಾಗಿ ಬಿಡಬೇಕು; ಆರಂಭೀ, ಉದ್ಯೋಗೀ, ವಿರೋಧೀ ಹಿಂಸೆಗಳನ್ನು ಎಚ್ಚರದಿಂದ ಕುಗ್ಗಿಸಬೇಕು ಎಂಬ ವಿಭಾಗ ಇಲ್ಲಿ ದಾರಿ ತೋರುತ್ತದೆ. ತೋಟವುಳ್ಳ ನಮ್ಮವರು ಹತ್ತು ಹದಿನೈದು ದಿನಗಳಿಗೊಮ್ಮೆ ಮಾಗಿದ ಕಾಯಿಗಳನ್ನು ತಪ್ಪದೆ ಕೊಯ್ದರೆ ಇಲಿ, ಅಳಿಲುಗಳ ಕಾಟ ತಾನೇ ಇಳಿಯುತ್ತದೆ. ವಿಷದ ಪ್ರಮೇಯವೂ ಕಡಿಮೆಯಾಗುತ್ತದೆ. ಬೆಳೆಯ ಲಾಭವೂ ದಯೆಯೂ ಇಲ್ಲಿ ಒಂದೇ ದಾರಿಯಲ್ಲಿವೆ.

ಮನುಷ್ಯರ ಮೇಲಿನ ಹಿಂಸೆಯೂ ಉಂಟು. ಜಗತ್ತಿನ ಕೊಕ್ಕೊದಲ್ಲಿ ಅರ್ಧಕ್ಕಿಂತ ಹೆಚ್ಚು ಬರುವುದು ಪಶ್ಚಿಮ ಆಫ್ರಿಕದ ಐವರಿ ಕೋಸ್ಟ್ ಮತ್ತು ಘಾನಾಗಳಿಂದ. ಅಲ್ಲಿಯ ತೋಟಗಳಲ್ಲಿ ಎಳೆಯ ಮಕ್ಕಳು ಕತ್ತಿ ಹಿಡಿದು ದುಡಿಯುವ ಸ್ಥಿತಿಯನ್ನು ಕೊನೆಗೊಳಿಸುವುದಾಗಿ 2001ರಲ್ಲಿ ದೊಡ್ಡ ಚಾಕೊಲೇಟ್ ಕಂಪನಿಗಳು ಒಪ್ಪಂದ ಮಾಡಿಕೊಂಡವು. ಆ ದುಡಿಮೆ ಇನ್ನೂ ನಿಂತಿಲ್ಲ. 2024ರಲ್ಲಿ ಕೊಕ್ಕೊ ಧಾರಣೆ ಟನ್ನಿಗೆ 10,000 ಡಾಲರನ್ನು ಮೀರಿತು. ನಮ್ಮ ಬೆಳೆಗಾರರು ಹಿಗ್ಗಿದರು, ಬಳಿಕ ಧಾರಣೆ ಮತ್ತೆ ಇಳಿಯಿತು. 1980ರ ಸುಮಾರಿನ ಪಾಠವನ್ನು ಮರೆಯದಿದ್ದವರಿಗೆ ಈ ಏರಿಳಿತ ಹೊಸದಾಗಿರಲಿಲ್ಲ. ಸಹಕಾರದ ಮೂಲಕ ನ್ಯಾಯವಾದ ಬೆಲೆಗೆ ಕೊಂಡ ನೆರೆಯೂರ ಕೊಕ್ಕೊವನ್ನು ಆರಿಸಿಕೊಳ್ಳುವುದೂ ಅಸ್ತೇಯದ ಒಂದು ಆಚರಣೆಯೇ ಸರಿ. ಇನ್ನೊಬ್ಬರ ಶ್ರಮದ ಫಲವನ್ನು ಅಗ್ಗದ ಬೆಲೆಗೆ ಕಸಿಯದಿರುವುದು ಆ ವ್ರತದ ಭಾವವಲ್ಲವೆ?

ಬಸದಿಗಳ ಆಡಳಿತ ಮಂಡಳಿಯವರಲ್ಲಿ ಒಂದು ವಿನಂತಿ. ಸಭಾಭವನಗಳಲ್ಲಿ ಅಡುಗೆಯವರಿಗೆ ಈರುಳ್ಳಿ, ಬೆಳ್ಳುಳ್ಳಿ, ಗಡ್ಡೆಗಳ ವಿಷಯದಲ್ಲಿ ಕಟ್ಟುನಿಟ್ಟು ಮಾಡುವ ನಾವು, ಊಟದ ಕೊನೆಗೆ ಬರುವ ಬಟ್ಟಲಿನ ವಿಷಯದಲ್ಲಿ ಮೌನವಾಗಿರುತ್ತೇವೆ. ಅದರ ಹೊದಿಕೆಯನ್ನು ಒಮ್ಮೆ ಓದಿಸಿ, ಸಂಶಯವಿದ್ದರೆ ಬಿಟ್ಟು, ಬತ್ತಿಸಿದ ಹಾಲಿನ ಪಾಯಸವನ್ನೇ ಬಡಿಸುವ ನಿಯಮ ಮಾಡಿದರೆ ಸಾಕು. ಮಕ್ಕಳಿಗೆ ಬೇಡವೆಂದು ಹೇಳುವ ಮನೆಗಿಂತ, ಏಕೆ ಬೇಡ, ಹೇಗಾದರೆ ಬೇಕು ಎಂದು ತೋರಿಸಿಕೊಡುವ ಮನೆಯಲ್ಲಿ ಆಚಾರ ಹೆಚ್ಚು ಕಾಲ ಬಾಳುತ್ತದೆ. ಹಾಲು ಮಗುಚುವ ಆ ಅರ್ಧ ಗಂಟೆಯಲ್ಲಿ ಮಗುವನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡು ಕೊಕ್ಕೊ, ಕೂವೆ, ಕರುಗಳ ಕಥೆಯನ್ನು ಹೇಳುವ ತಾಯಿ ಯಾವ ಪಾಠಶಾಲೆಗೂ ಕಡಿಮೆಯಾದ ಕೆಲಸವನ್ನು ಮಾಡುತ್ತಿಲ್ಲ.