ಕರೆಂಟಿಗೆ ವಾಸನಿ ಇರತದೇನು?

ಥಂಡಿ ದಿನದಾಗ ರಾತ್ರಿ ದೀಪಾ ಆರಿಸಿ ನೈಲಾನ್ ಸೀರಿ ಕಳದ್ರ ಚಟಪಟ ಸಪ್ಪಳಾ ಆಗತದ, ಸಣ್ಣ ಸಣ್ಣ ನೀಲಿ ಕಿಡಿ ಹಾರತಾವ. ಇದು ನಿಮಗೆಲ್ಲಾರಿಗೂ ಗೊತ್ತಿದ್ದದ್ದೇ. ನಮ್ಮ ಅವ್ವ ಮಾತ್ರ ಇನ್ನೊಂದು ಮಾತು ಹೇಳತಿದ್ಲು: "ಒಂಥರಾ ವಾಸನಿ ಬರತದ ನೋಡ, ಕರೆಂಟಿನ ವಾಸನಿ." ನಮ್ಮ ಅಪ್ಪ "ಕರೆಂಟಿಗೆಲ್ಲೆ ವಾಸನಿ ಇರತದ, ನಿನಗ ಭ್ರಮಾ" ಅಂತ ನಗತಿದ್ರು. ನಾವು ಹುಡುಗ್ರೂ ಅವರ ಜೋಡಿ ನಗತಿದ್ವಿ. ಅವ್ವ ಸುಮ್ಮನ ಸೀರಿ ಮಡಚಿ ಇಡತಿದ್ಲು.

ಮೊನ್ನೆ ನಮ್ಮ ವಾರಗಿತ್ತಿ ಮನಿಯೊಳಗ ಒಂದು ಸಂಗತಿ ಆತು. ಅದರಿಂದ ಅವ್ವನ ಮಾತು ಮತ್ತ ನೆನಪಾತು. ಆ ಸಂಗತಿ ಕಡೀಕ ಹೇಳತೀನಿ. ಮೊದಲ ಈ ವಾಸನಿ ಇತಿಹಾಸ ಕೇಳ್ರಿ. ಅದು 200 ವರ್ಷಕ್ಕಿಂತ ಹಳೇದದ.

ಸಿಡಿಲು ಬಡದಲ್ಲೆ ವಾಸನಿ ಬರತದ ಅನ್ನೂದು ಜನರಿಗೆ ಮೊದಲಿಂದನೂ ಗೊತ್ತಿತ್ತು. ಗ್ರೀಕರ ಹಳೇ ಕಾವ್ಯ 'ಒಡಿಸ್ಸಿ'ಯೊಳಗ ಹಡಗಕ್ಕ ಸಿಡಿಲು ಬಡದಾಗ ಗಂಧಕದ ವಾಸನಿ ತುಂಬಿತು ಅಂತ ಬರತದ. ಅದು ಗಂಧಕ ಅಲ್ಲ, ಆದ್ರ ಘಾಟು ವಾಸನಿಗೆ ಅವರ ಹತ್ರ ಇದ್ದ ಹೆಸರು ಅದೇ ಇರಬೇಕು. ನಾವೂ ಗೊತ್ತಿಲ್ಲದ ವಾಸನಿಗೆ ಗೊತ್ತಿದ್ದ ಸಾಮಾನಿನ ಹೆಸರೇ ಹೇಳತೀವಿ.

ಮುಂದ ಮನುಷ್ಯಾರು ತಾವೇ ಕಿಡಿ ಹಾರಸೂ ಯಂತ್ರಾ ಮಾಡಿದ್ರು. ಗಾಜನ್ನ ತಿಕ್ಕಿದ್ರ ಸ್ಥಿರ ವಿದ್ಯುತ್ ಹುಟ್ಟತದ. ನಮ್ಮ ಸೀರಿಯೊಳಗ ಹುಟ್ಟೂದೂ ಅದೇ. ನೆದರ್‌ಲ್ಯಾಂಡ್ಸಿನ ಹಾರ್ಲೆಂ ಊರಾಗ ಟೈಲರ್ಸ್ ಮ್ಯೂಸಿಯಂ ಅಂತ ಅದ. ಅಲ್ಲಿ ಮಾರ್ಟಿನಸ್ ವಾನ್ ಮಾರಂ ಅನ್ನೂ ವಿಜ್ಞಾನಿ 1784ರಾಗ ಒಂದು ಭಾರೀ ಯಂತ್ರಾ ಮಾಡಿಸಿದ. ಅದರಾಗ ಎರಡು ಗಾಜಿನ ಚಕ್ರ, ಒಂದೊಂದೂ ಸುಮಾರು ಐದೂವರೆ ಫೂಟು ಅಗಲ. ಅಂದ್ರ ನನಗಿಂತ ಎತ್ತರ! ಅದನ್ನ ತಿರುವಿದ್ರ ಸುಮಾರು ಎರಡು ಫೂಟು ಉದ್ದದ ಕಿಡಿ ಹಾರತಿತ್ತು. ಆ ಯಂತ್ರಾ ಇವತ್ತಿಗೂ ಆ ಮ್ಯೂಸಿಯಂನಾಗ ಅದ.

1785ರಾಗ ವಾನ್ ಮಾರಂ ಒಂದು ಕೊಳವಿಯೊಳಗ ಆಕ್ಸಿಜನ್ ತುಂಬಿ ಅದರಾಗ ಕಿಡಿ ಹಾರಿಸಿದ. ಒಳಗಿನ ಗಾಳಿಗೆ ಗಡದ್ದ ವಾಸನಿ ಬಂತು. ಅಂವ ಏನಂತ ತಿಳಕೊಂಡ? ಇದು ವಿದ್ಯುತ್ತಿಂದೇ ವಾಸನಿ ಅಂತ. ಥೇಟ್ ನಮ್ಮ ಅವ್ವ ಹೇಳಿದ್ದೇ ಮಾತು! ಆದ್ರ ಅಂವಗ ಯಾರೂ ಭ್ರಮಾ ಅನ್ನಲಿಲ್ಲ. ಅಂವ ಬರದಿಟ್ಟ, ಜನಾ ಓದಿದ್ರು. ಮುಂದ ಐವತ್ತು ವರ್ಷಕ್ಕೂ ಹೆಚ್ಚು ಅದು ಕರೆಂಟಿನ ವಾಸನಿ ಅಂತನ ಉಳೀತು.

ಈ ಗಂಟು ಬಿಚ್ಚಿದಾಂವ ಸ್ವಿಟ್ಜರ್‌ಲ್ಯಾಂಡಿನ ಬಾಸೆಲ್ ವಿಶ್ವವಿದ್ಯಾಲಯದ ಪ್ರೊಫೆಸರ್ ಕ್ರಿಶ್ಚಿಯನ್ ಫ್ರೆಡ್ರಿಕ್ ಶೋನ್‌ಬೈನ್. 1839ರಾಗ ಅಂವ ನೀರಿನೊಳಗ ಕರೆಂಟ್ ಹರಿಸಿ ಆಕ್ಸಿಜನ್, ಹೈಡ್ರೋಜನ್ ಬ್ಯಾರೆ ಮಾಡತಿದ್ದ. ಅಲ್ಲೆ ಕಿಡಿ ಇಲ್ಲ, ಸಿಡಿಲಿಲ್ಲ, ಆದ್ರ ವಾಸನಿ ಅದೇ. ಅದೂ ಆಕ್ಸಿಜನ್ ಬರೂ ಕಡೆ ಅಷ್ಟ. ಆ ಗಾಳಿ ಬಾಟಲಿಯೊಳಗ ಹಿಡದು ಬಿಗಿ ಬೂಚು ಹಾಕಿಟ್ರ, ಕರೆಂಟ್ ನಿಂತ ಮ್ಯಾಲೂ ವಾಸನಿ ಹಂಗೇ ಇರತಿತ್ತು. ಅಂದ್ರ ವಾಸನಿ ಕರೆಂಟಿಂದಲ್ಲ, ಕರೆಂಟಿನಿಂದ ಹುಟ್ಟಿದ ಯಾವುದೋ ಹೊಸಾ ವಸ್ತುವಿಂದು. 1840ರಾಗ ಅಂವ ಅದಕ್ಕ ಓಝೋನ್ ಅಂತ ಹೆಸರಿಟ್ಟ. ಗ್ರೀಕ್ ಭಾಷಾದಾಗ 'ವಾಸನಿ ಬರೂದು' ಅನ್ನೂ ಶಬ್ದದಿಂದ ಆ ಹೆಸರು ಬಂತು. ನಮ್ಮ ಕನ್ನಡದಾಗಾದ್ರ 'ನಾತದ್ದು' ಅಂತ ಇಡಬಹುದಿತ್ತು ನೋಡ್ರಿ!

ಆದ್ರ ಅದು ಏನು ಅಂತ ಅಂವಗೂ ತಿಳೀಲಿಲ್ಲ. 1845ರಾಗ ಜಿನೀವಾದ ವಿಜ್ಞಾನಿಗಳು ಶುದ್ಧ ಆಕ್ಸಿಜನ್ನಿನಾಗ ಕಿಡಿ ಹಾರಿಸಿದ್ರೂ ಓಝೋನ್ ಆಗತದ ಅಂತ ತೋರಿಸಿದ್ರು. ಅಂದ್ರ ಅದು ಆಕ್ಸಿಜನ್ನಿಂದೇ ಇನ್ನೊಂದು ರೂಪ. 1865ರಾಗ ಸೊರೆ ಅನ್ನೂ ವಿಜ್ಞಾನಿ ಲೆಕ್ಕಾ ಹಚ್ಚಿ ಬಿಡಿಸಿದ. ನಾವು ಉಸಿರಾಡೂ ಆಕ್ಸಿಜನ್ ಎರಡೆರಡು ಪರಮಾಣು ಜೋಡಿಯಾಗಿ ಇರತದ. ಕಿಡಿ ಹಾರಿದಾಗ ಜೋಡಿ ಒಡೀತದ. ಒಂಟಿಯಾದದ್ದು ಹೋಗಿ ಇನ್ನೊಂದು ಜೋಡಿಗೆ ಸೇರಕೋತದ, ಮೂರಾಗತದ. ಅದೇ ಓಝೋನ್. ಆ ಮೂರನೇದು ಗಟ್ಟಿಯಾಗಿ ಕೂಡೂದಿಲ್ಲ, ಹತ್ರ ಏನ ಸಿಕ್ಕರೂ ಅದಕ್ಕ ಹೋಗಿ ಹತ್ತಿಕೋತದ. ಹಂಗಾಗೇ ಅದು ಬಣ್ಣಾ ತಗೀತದ, ಕ್ರಿಮಿ ಕೊಲ್ಲತದ, ನಮ್ಮ ಮೂಗಿಗೂ ಚುರ್ ಅನಸತದ. ಸಣ್ಣಗ ಬ್ಲೀಚಿಂಗ್ ಪುಡಿಯಂಥಾ ವಾಸನಿ. ಗಾಳಿಯೊಳಗ ಕೆಲವು ಕೋಟಿ ಪಾಲಿಗೆ ಒಂದು ಪಾಲು ಇದ್ರೂ ಮೂಗು ಹಿಡೀತದ. ಸೀರಿ ಕಿಡಿ ಸಣ್ಣದು, ಬಹಳ ಸಲ ಏನೂ ಗೊತ್ತಾಗೂದಿಲ್ಲ, ಬರೇ ಬಟ್ಟಿ ವಾಸನಿ ಬರತದ. ಒಮ್ಮೊಮ್ಮೆ ಮೂಗಿನ ಹತ್ರನ ಹಾರಿದ್ರ ಬರಬಹುದು. ಝೆರಾಕ್ಸ್ ಅಂಗಡಿಯೊಳಗ ಹಳೇ ಮಶೀನ್ ಓಡೂ ಮುಂದ ಬರತಿದ್ದ ವಾಸನಿಯೊಳಗೂ ಇದು ಇರತಿತ್ತು.

(ವೈರು ಸುಟ್ಟ ವಾಸನಿ ಬ್ಯಾರೆ. ಅದು ಪ್ಲಾಸ್ಟಿಕ್ ಕಮರಿದ್ದು. ಅದು ಬಂದ್ರ ಮೂಸತ ನಿಂದರಬ್ಯಾಡ್ರಿ, ಮೊದಲ ಮೇನ್ ಆಫ್ ಮಾಡ್ರಿ.)

ಶೋನ್‌ಬೈನ್ ಓಝೋನ್ ಹುಡುಕಲಿಕ್ಕೆ ಒಂದು ಕಾಗದಾನೂ ಮಾಡಿದ್ದ. ನಾವು ಸೀರಿಗೆ ಹಾಕತೀವಲ್ಲ, ಅಂಥಾ ಗಂಜಿಯೊಳಗ ಪೊಟ್ಯಾಸಿಯಂ ಅಯೋಡೈಡ್ ಅನ್ನೂ ಉಪ್ಪು ಕಲಸಿ, ಕಾಗದಾ ಅದ್ದಿ ಒಣಗಸೂದು. ಓಝೋನ್ ತಾಗಿದ್ರ ಅದು ನೀಲಿ ಆಗತದ. ಯುರೋಪಿನಾಗ ಊರೂರಾಗ ಇದನ್ನ ತೂಗಹಾಕಿ ಗಾಳಿ ನೋಡಲಿಕ್ಕೆ ಹತ್ತಿದ್ರು.

ಇಲ್ಲೇ ಒಂದು ತಪ್ಪು ಆತು. ಕ್ರಿಮಿ ಕೊಲ್ಲತದ ಅಂದ ಮ್ಯಾಲೆ ಓಝೋನ್ ಅಂದ್ರ ಶುದ್ಧ ಗಾಳಿ, ಆರೋಗ್ಯ ಅಂತ ಜನಾ ನಂಬಿದ್ರು. ಸಮುದ್ರದ ದಂಡಿಗೆ ಹೋಗಿ ಓಝೋನ್ ಕುಡೀರಿ ಅಂತ ಡಾಕ್ಟರೇ ಹೇಳಿ ಕಳಸತಿದ್ರು. ಖರೇ ಅಂದ್ರ ಸಮುದ್ರದ ಆ ವಾಸನಿ ಓಝೋನಿಂದಲ್ಲ, ನೀರಿನ ಸೂಕ್ಷ್ಮಜೀವಿಗಳಿಂದ ಬರೂ ಒಂದು ಗಂಧಕದ ಅನಿಲದ್ದು. 1913ರಾಗ ಫ್ರಾನ್ಸಿನ ಫಾಬ್ರಿ ಮತ್ತ ಬ್ವಿಸೊಂ ಆಕಾಶದಾಗ ಎತ್ತರಕ್ಕ ಓಝೋನ್ ಪದರು ಅದ ಅಂತ ತೋರಿಸಿದ್ರು. ಅದು ಬಿಸಲಿನ ಕೆಟ್ಟ ಕಿರಣಾ ತಡೀತದ. ಅದು ಅಲ್ಲೇ ಮ್ಯಾಲೆ ಇರಬೇಕು. ಕೆಳಗ ನಮ್ಮ ಉಸಿರಿನಾಗ ಬಂದ್ರ ಪುಪ್ಪಸದ ಒಳಮೈ ಸುಡತದ.

ಈಗ ವಾರಗಿತ್ತಿ ಮನಿ ಸಂಗತಿ. ಆಕಿ ಮೊಮ್ಮಗಗ ದಮ್ಮಿನ ತ್ರಾಸು ಅದ. ಮನಿಮನಿಗೆ ಬಂದು ಮಾರೂ ಹುಡುಗನೊಬ್ಬ "ಓಝೋನ್ ಮಶೀನ್ ಅಜ್ಜಿ, ಕೋಣಿ ಗಾಳಿ ಶುದ್ಧ ಆಗತದ" ಅಂತ ಕೊಟ್ಟುಹೋದ. ಆಕಿಗೆ ಅದರ ವಾಸನಿ ಬಹಳ ಸೇರಿತು. ಗುಡುಗಿನ ಮಳಿ ಬಂದಂಗ ಅನಸತದ ಅಂದ್ಲು. ಕಿಡಕಿ ಬಾಗಲಾ ಹಾಕಿ ಕೂಸಿನ ಕೋಣ್ಯಾಗ ರಾತ್ರಿಯೆಲ್ಲಾ ಹಚ್ಚಿದ್ಲು. ಮೂರನೇ ದಿನಕ್ಕ ಕೂಸಿನ ಕೆಮ್ಮು ಹೆಚ್ಚಾತು. ಡಾಕ್ಟರು ಮೊದಲ ಅದನ್ನ ಬಂದ್ ಮಾಡ್ರಿ ಅಂದ್ರು. ಮಾಡಿದ್ಲು, ಕಿಡಕಿ ತಗದ್ಲು. ಈಗ ಕೂಸು ಅಡ್ಡಿ ಇಲ್ಲ.

ವಾರಗಿತ್ತಿ ತಪ್ಪು ಅಂತ ನಾ ಅನ್ನಂಗಿಲ್ಲ. ನೂರೈವತ್ತು ವರ್ಷದ ಹಿಂದ ದೊಡ್ಡ ದೊಡ್ಡ ಡಾಕ್ಟರೇ ಅದೇ ತಪ್ಪು ಮಾಡ್ಯಾರ. ಮೂಗು ಏನೋ ಬಂದದ ಅಂತ ಸರಿಯಾಗೇ ಹೇಳತದ. ಬಂದದ್ದು ಒಳ್ಳೇದೋ ಕೆಟ್ಟದ್ದೋ ಅನ್ನೂದು ಮೂಗಿಗೆ ತಿಳಿಯೂದಿಲ್ಲ, ಕೇಳಿ ತಿಳಕೋಬೇಕು. ನಿಮ್ಮ ಮನಿಗೂ ಯಾರರೆ ಇಂಥಾ ಮಶೀನ್ ತಂದ್ರ ಮೊದಲ ಡಾಕ್ಟರಿಗೆ ಕೇಳ್ರಿ.

ಅವ್ವ ಈಗಿಲ್ಲ. ಆಕಿ ಅಂದದ್ದು ಅರ್ಧಾ ಖರೇ ಇತ್ತು, ವಾನ್ ಮಾರಂ ಅಂದದ್ದೂ ಅಷ್ಟೇ ಖರೇ ಇತ್ತು. ನಾವು ನಗಬಾರದಿತ್ತು. ಈ ಥಂಡಿಯೊಳಗ ಸೀರಿ ಕಳಿಯೂ ಮುಂದ ಒಮ್ಮೆ ದೀಪಾ ಆರಿಸಿ ನೋಡ್ರಿ. ವಾಸನಿ ಬಂದ್ರ ನನಗೂ ಹೇಳ್ರಿ.